ಲಿಯೊನಾರ್ಡ್ ಎಂಬ ಹೆಸರು: ನೊಬ್ಲಾದ ಕಾಡಿನಿಂದ ಶ್ರೀರಂಗಪಟ್ಟಣದವರೆಗೆ

ಶತಮಾನೋತ್ಸವದ ಈ ಸ್ಮರಣ ಸಂಚಿಕೆಗೆ ನಾವೂ ಒಂದು ಲೇಖನವನ್ನು ಬರೆದುಕೊಡಬೇಕೆಂದು ಸಮಿತಿಯವರು ಕೇಳಿದಾಗ, ದೇವಾಲಯದ ಕಟ್ಟಡ, ಗಂಟೆ, ಹಿಂದಿನ ಗುರುಗಳ ಸೇವೆ ಮೊದಲಾದ ವಿಚಾರಗಳನ್ನು ಬರೆಯಲು ನಮಗಿಂತ ಹಿರಿಯರೂ ಬಲ್ಲವರೂ ಊರಿನಲ್ಲೇ ಇರುವರೆಂದು ಹೇಳಿ, ನಾವು ಬೇರೊಂದು ವಿಷಯವನ್ನು ಆರಿಸಿಕೊಂಡೆವು. ನೂರು ವರ್ಷಗಳ ಧರ್ಮಕೇಂದ್ರವೆಂದರೆ ಮೊಟ್ಟಮೊದಲಿಗೆ ನೂರು ವರ್ಷಗಳ ಹೆಸರುಗಳು. ಗೋಡೆಗಳು ಬಿದ್ದು ಮತ್ತೆ ಎದ್ದಿರಬಹುದು, ಹಂಚು ಹೋಗಿ ತಾರಸಿ ಬಂದಿರಬಹುದು. ಆದರೆ ಜ್ಞಾನಸ್ನಾನದ ದಪ್ಪ ಪುಸ್ತಕದಲ್ಲಿ ಒಮ್ಮೆ ಬರೆದ ಹೆಸರು ಬರೆದಂತೆಯೇ ನಿಲ್ಲುತ್ತದೆ. ಅದನ್ನು ಹೊತ್ತವನು ಮಣ್ಣಿಗೆ ಸೇರಿದ ಮೇಲೂ ಅದು ಅಲ್ಲಿಯೇ ಇರುತ್ತದೆ.

ಮೈಸೂರು ಸೀಮೆಯ ಹಳೆಯ ಕ್ರೈಸ್ತ ಕುಟುಂಬಗಳ ಹೆಸರುಗಳನ್ನು ಓದುಗರು ಬಲ್ಲರು. ರಾಯಪ್ಪ, ಚಿನ್ನಪ್ಪ, ಇನ್ನಾಸಪ್ಪ, ಸವೇರಪ್ಪ, ಅಂತೋಣಪ್ಪ, ಆರೋಗ್ಯಮ್ಮ. ಇವು ನಮ್ಮ ಅಜ್ಜ ಅಜ್ಜಿಯರ ಹೆಸರುಗಳು. ಅವರ ಮೊಮ್ಮಕ್ಕಳ ಕಾಲಕ್ಕೆ ಬರ್ನಾರ್ಡ್, ಜೆರಾರ್ಡ್, ರಿಚರ್ಡ್, ಲಿಯೊನಾರ್ಡ್ ಎಂಬ ಹೆಸರುಗಳು ಬಂದವು. ಈ ನಾಲ್ಕೂ ಹೆಸರುಗಳ ಬಾಲದಲ್ಲಿ ಒಂದೇ ಶಬ್ದವಿರುವುದನ್ನು ಗಮನಿಸಿದವರು ಕಡಿಮೆ. ಅದರಲ್ಲಿ ಕಡೆಯದಾದ ಲಿಯೊನಾರ್ಡ್ ಎಂಬ ಹೆಸರನ್ನೇ ಇಲ್ಲಿ ಹಿಡಿದುಕೊಂಡಿರುವುದಕ್ಕೆ ಒಂದು ಕಾರಣವಿದೆ. ಅದು ನಮ್ಮ ಒಂದು ತಪ್ಪಿನ ಕಥೆ.

ಸುಮಾರು ಮೂವತ್ತೈದು ವರ್ಷಗಳ ಹಿಂದೆ, ನಾವು ಗುರುದೀಕ್ಷೆ ಪಡೆದು ಹೆಚ್ಚು ಕಾಲವಾಗಿರದ ದಿನಗಳಲ್ಲಿ, ಬೇರೊಂದು ಊರಿನಲ್ಲಿ ಸಹಾಯಕ ಗುರುಗಳಾಗಿದ್ದೆವು. ನವೆಂಬರ್ ತಿಂಗಳ ಮೊದಲ ವಾರದಲ್ಲಿ ಒಬ್ಬ ರೈತ ತನ್ನ ಚೊಚ್ಚಲ ಗಂಡುಮಗುವನ್ನು ಜ್ಞಾನಸ್ನಾನಕ್ಕೆ ಕರೆತಂದನು. ಹೆಸರೇನೆಂದು ಕೇಳಿದರೆ, ಕಂಠೀರವ ಎಂದನು. ಆತನು ಡಾ. ರಾಜ್‌ಕುಮಾರರ ಮಹಾಭಕ್ತ, 1960ರಲ್ಲಿ ತೆರೆಕಂಡ 'ರಣಧೀರ ಕಂಠೀರವ' ಚಿತ್ರವನ್ನು ಟೂರಿಂಗ್ ಟಾಕೀಸಿನ ನೆಲದ ಮೇಲೆ ಕುಳಿತು ಎಷ್ಟು ಸಲ ನೋಡಿದ್ದನೋ ಅವನಿಗೇ ಲೆಕ್ಕವಿರಲಿಲ್ಲ. ನಾವು ಹೊಸ ಪಾದ್ರಿಯ ಬಿಗುವಿನಿಂದ, ಇದು ಸಂತರ ಹೆಸರಲ್ಲ, ಆಗದು ಎಂದೆವು. ಪಂಚಾಂಗವನ್ನು ತೆರೆದೆವು. ನವೆಂಬರ್ 6, ಸಂತ ಲಿಯೊನಾರ್ಡರ ಸ್ಮರಣೆ. ಅದನ್ನೇ ಬರೆದೆವು. ಆ ಮನುಷ್ಯನು ಎದುರಾಡಲಿಲ್ಲ. ಹೆಂಡತಿಯ ಮುಖವನ್ನೊಮ್ಮೆ ನೋಡಿ, ಸ್ವಾಮಿಗಳು ಹೇಳಿದ ಮೇಲೆ ಆಯಿತು ಎಂದು ತಲೆ ತಗ್ಗಿಸಿದನು. ಎದುರಾಡಿದ್ದರೆ ನಾವು ಬಹುಶಃ ಮರೆತುಬಿಡುತ್ತಿದ್ದೆವು.

ಧರ್ಮಸಭೆಯ ಕಾನೂನು ನಮ್ಮ ಪಕ್ಷದಲ್ಲಿತ್ತೇ ಎಂದರೆ, ಅದೂ ಇರಲಿಲ್ಲ. 1983ರ ಧರ್ಮಸಂಹಿತೆಯು ಕೇಳುವುದಿಷ್ಟೇ: ಕ್ರೈಸ್ತ ಮನೋಭಾವಕ್ಕೆ ಹೊರತಾದ ಹೆಸರನ್ನು ಇಡದಂತೆ ಹೆತ್ತವರೂ ಜ್ಞಾನ ತಂದೆತಾಯಿಯರೂ ಧರ್ಮಕೇಂದ್ರದ ಗುರುವೂ ನೋಡಿಕೊಳ್ಳಬೇಕು. ಅದಕ್ಕೆ ಹಿಂದಿನ 1917ರ ಸಂಹಿತೆಯು ಇನ್ನೂ ಬಿಗಿಯಾದುದು, ನಿಜ. ಸಂತರ ಹೆಸರನ್ನೇ ಇಡಿಸಲು ಗುರುವು ಪ್ರಯತ್ನಿಸಬೇಕೆಂದು ಅದು ಹೇಳುತ್ತಿತ್ತು. ಆದರೆ ಹೆತ್ತವರು ಒಪ್ಪದಿದ್ದ ಪಕ್ಷದಲ್ಲಿ, ಅವರು ಕೊಟ್ಟ ಹೆಸರಿಗೆ ಸಂತರೊಬ್ಬರ ಹೆಸರನ್ನು ಸೇರಿಸಿ ಎರಡನ್ನೂ ಪುಸ್ತಕದಲ್ಲಿ ಬರೆಯಬೇಕೆಂದು ಅದೇ ನಿಯಮವು ವಿಧಿಸಿತ್ತು. ಗುರುಮಠದಲ್ಲಿ ಇದನ್ನೆಲ್ಲ ಓದಿಯೇ ಬಂದಿದ್ದ ನಾವು ಹೊಸ ಕಾನೂನನ್ನೂ ಪಾಲಿಸಲಿಲ್ಲ, ಹಳೆಯದನ್ನೂ ಪಾಲಿಸಲಿಲ್ಲ. ರೂಢಿಯೊಂದನ್ನೇ ಪಾಲಿಸಿದೆವು.

ಇನ್ನು ಹೆಸರಿನ ಅರ್ಥ. ಲಿಯೊನ್‌ಹಾರ್ಟ್ ಎಂಬುದು ಪ್ರಾಚೀನ ಜರ್ಮಾನಿಕ್ ಜನಾಂಗಗಳ ಸಮಾಸಪದ. ಅವರ ಹೆಸರುಗಳು ನಮ್ಮ ಸಂಸ್ಕೃತ ಹೆಸರುಗಳಂತೆಯೇ ಎರಡು ಪದಗಳನ್ನು ಕೂಡಿಸಿ ಮಾಡಿದವು. ಬಾಲದಲ್ಲಿರುವ 'ಹಾರ್ಡ್' ಎಂಬುದಕ್ಕೆ ಗಟ್ಟಿ, ಧೀರ, ಕೆಚ್ಚುಳ್ಳ ಎಂದರ್ಥ. ಬರ್ನಾರ್ಡನೆಂದರೆ ಕರಡಿಯಂತೆ ಧೀರ. ಜೆರಾರ್ಡನೆಂದರೆ ಭರ್ಜಿ ಹಿಡಿದ ಧೀರ. ರಿಚರ್ಡನೆಂದರೆ ಆಳುವ ಧೀರ. ಲಿಯೊನಾರ್ಡನೆಂದರೆ ಸಿಂಹದಂತೆ ಧೀರ.

ಇಲ್ಲಿ ಒಂದು ಸ್ವಾರಸ್ಯವಿದೆ. ಜರ್ಮಾನಿಕ್ ಜನರು ವಾಸಿಸುತ್ತಿದ್ದ ಕಾಡುಗಳಲ್ಲಿ ಕರಡಿ, ತೋಳ, ಕಾಡುಹಂದಿಗಳಿದ್ದವೇ ಹೊರತು ಸಿಂಹವಿರಲಿಲ್ಲ. ಸಿಂಹದ ಹೆಸರನ್ನು ಅವರು ಲತೀನಿನಿಂದ ಕಡ ತಂದರು. ಲತೀನಿನವರು ಅದನ್ನು ಗ್ರೀಕರಿಂದ ಪಡೆದಿದ್ದರು. ಹೀಗೆ ತಲೆ ಲತೀನಿನದು, ಬಾಲ ಜರ್ಮಾನಿಕ್ ಭಾಷೆಯದು. ನಮ್ಮ ಅಂತೋಣಪ್ಪನ ಹೆಸರಿನಲ್ಲಿ ತಲೆ ರೋಮಿನದಾಗಿ ಬಾಲ ಕನ್ನಡದ್ದಾಗಿರುವಂತೆ. ಕನ್ನಡನಾಡಿನ ಮಾತಾದರೂ ಬೇರೆಯಲ್ಲ. ನಮ್ಮ ಕಾಡುಗಳು ಹುಲಿಯವು, ಆನೆಯವು. ಆದರೂ ಹೊಯ್ಸಳರ ಲಾಂಛನದಲ್ಲಿ ವೀರನು ಸೆಣಸುವುದು ಸಿಂಹದಂಥ ಮೃಗದೊಡನೆ. ಅರಸರು ಕುಳಿತದ್ದು ಸಿಂಹಾಸನದ ಮೇಲೆ. ಕಾಣದ ಮೃಗದ ಹೆಸರನ್ನು ಮಗನಿಗಿಡುವ ಹಂಬಲವು ಎರಡು ಕಡೆಯಲ್ಲೂ ಒಂದೇ.

ಈ ಹೆಸರು ಕ್ರೈಸ್ತ ಲೋಕದಲ್ಲೆಲ್ಲ ಹರಡಲು ಕಾರಣರಾದವರು ನೊಬ್ಲಾದ ಸಂತ ಲಿಯೊನಾರ್ಡರು. ಅವರು 6ನೆಯ ಶತಮಾನದವರೆಂದು ಸಂಪ್ರದಾಯ. ಫ್ರಾಂಕರ ಅರಸನಾದ ಕ್ಲೋವಿಸನು ಸಂತ ರೆಮಿಜಿಯುಸರ ಕೈಯಿಂದ ಜ್ಞಾನಸ್ನಾನ ಪಡೆದ ಕಾಲದಲ್ಲಿ ಲಿಯೊನಾರ್ಡನೆಂಬ ಕುಲೀನ ಯುವಕನೂ ಕ್ರೈಸ್ತನಾದನೆಂದೂ, ತಾನು ಸಂದರ್ಶಿಸಿ ಯೋಗ್ಯರೆಂದು ಕಂಡ ಸೆರೆಯಾಳುಗಳನ್ನು ಬಿಡಿಸುವ ಅಧಿಕಾರವನ್ನು ಅರಸನಿಂದ ಬೇಡಿ ಪಡೆದನೆಂದೂ, ಪದವಿಯನ್ನು ಒಲ್ಲದೆ ಲಿಮೋಜ್ ನಗರದ ಬಳಿಯ ಕಾಡಿನಲ್ಲಿ ಆಶ್ರಮ ಕಟ್ಟಿಕೊಂಡನೆಂದೂ ಕಥೆಯಿದೆ. ಪ್ರಸವವೇದನೆಯಲ್ಲಿದ್ದ ರಾಣಿಯು ಅವರ ಪ್ರಾರ್ಥನೆಯಿಂದ ಸುಖವಾಗಿ ಹೆತ್ತಳಂತೆ. ಅದಕ್ಕೆ ಪ್ರತಿಯಾಗಿ, ಒಂದು ರಾತ್ರಿಯಲ್ಲಿ ಕತ್ತೆಯ ಮೇಲೆ ಕುಳಿತು ಎಷ್ಟು ನೆಲವನ್ನು ಸುತ್ತಿ ಬರುವರೋ ಅಷ್ಟನ್ನೂ ಅರಸನು ಉಂಬಳಿ ಬಿಟ್ಟನಂತೆ. ಇದನ್ನೆಲ್ಲ ಹೇಳುವ ಚರಿತೆಯು ಬರೆಯಲ್ಪಟ್ಟದ್ದು 11ನೆಯ ಶತಮಾನದಲ್ಲಿ, ಅಂದರೆ ಸಂತರ ಕಾಲಕ್ಕೆ ಸುಮಾರು ಐದು ನೂರು ವರ್ಷಗಳ ನಂತರ. ಆದ್ದರಿಂದ ಇತಿಹಾಸಕಾರರು ಇದನ್ನು ಇತಿಹಾಸವೆನ್ನದೆ ಪುಣ್ಯಕಥೆ ಎನ್ನುತ್ತಾರೆ. ನಾವೂ ಹಾಗೆಯೇ ಹೇಳುತ್ತೇವೆ.

ಆದರೆ ಪುಣ್ಯಕಥೆಯು ಮಾಡಿದ ಕೆಲಸವು ಇತಿಹಾಸವೇ. ಸೆರೆಯಿಂದ ಬಿಡುಗಡೆಯಾದವರು ತಮ್ಮ ಸಂಕೋಲೆಗಳನ್ನು ಹೊತ್ತುಕೊಂಡು ಹೋಗಿ ನೊಬ್ಲಾದ ಸಮಾಧಿಯ ಬಳಿ ಒಪ್ಪಿಸುವ ಪದ್ಧತಿ ಬೆಳೆಯಿತು. ಮೊದಲ ಶಿಲುಬೆಯ ಯುದ್ಧದ ಸರದಾರನಾದ ಬೊಹೆಮಂಡನು 1100ರಲ್ಲಿ ತುರ್ಕರ ಕೈಗೆ ಸಿಕ್ಕಿ 1103ರಲ್ಲಿ ಬಿಡುಗಡೆಯಾದವನು, 1106ರಲ್ಲಿ ಫ್ರಾನ್ಸಿಗೆ ಬಂದಾಗ ಈ ಹರಕೆಯನ್ನು ಸಲ್ಲಿಸಲು ನೊಬ್ಲಾಕ್ಕೆ ಹೋದನು. ಚಿತ್ರಗಳಲ್ಲಿ ಸಂತ ಲಿಯೊನಾರ್ಡರ ಕೈಯಲ್ಲಿ ಯಾವಾಗಲೂ ಒಂದು ಸರಪಳಿ.

ಈ ಸರಪಳಿಯು ಜರ್ಮನಿಯ ಬವೇರಿಯ ಪ್ರಾಂತ್ಯಕ್ಕೆ ಹೋದಾಗ ಅದರ ಅರ್ಥವೇ ಬದಲಾಯಿತು. ಅಲ್ಲಿನ ರೈತರು ಅದನ್ನು ದನಕುದುರೆಗಳ ಸರಪಳಿ ಎಂದು ಬಗೆದು, ಸೆರೆಯಾಳುಗಳ ಸಂತರನ್ನು ಕೊಟ್ಟಿಗೆಯ ಸಂತರನ್ನಾಗಿ ಮಾಡಿಕೊಂಡರು. ಕೆಲವು ದೇವಾಲಯಗಳ ಹೊರಗೋಡೆಗೆ ಸುತ್ತಲೂ ಕಬ್ಬಿಣದ ಸರಪಳಿಯನ್ನೇ ಬಿಗಿದಿದ್ದಾರೆ. ಬಾಡ್ ಟೋಲ್ಜ್ ಎಂಬ ಊರಿನಲ್ಲಿ ಪ್ರತಿವರ್ಷ ನವೆಂಬರ್ 6ರ ಸುಮಾರಿಗೆ ಸಿಂಗರಿಸಿದ ಕುದುರೆಗಳ ಗಾಡಿಗಳು ಸಾಲುಗಟ್ಟಿ ಗುಡ್ಡದ ದೇವಾಲಯಕ್ಕೆ ಹೋಗಿ ಆಶೀರ್ವಾದ ಪಡೆಯುತ್ತವೆ. ಇದನ್ನು ಓದಿದಾಗ ನಮಗೆ ನೆನಪಾದದ್ದು ಮಂಡ್ಯದ ಸಂಕ್ರಾಂತಿಯ ಸಂಜೆ. ಎತ್ತುಗಳ ಮೈ ತೊಳೆದು, ಕೊಂಬಿಗೆ ಬಣ್ಣ ಬಳಿದು, ಊರಬಾಗಿಲಲ್ಲಿ ಹುಲ್ಲಿಗೆ ಬೆಂಕಿಯಿಟ್ಟು ಕಿಚ್ಚು ಹಾಯಿಸುವ ಆ ಗದ್ದಲ. ರೈತನಾದವನು ದೇವರಲ್ಲಿ ಮೊದಲು ಬೇಡುವುದು ತನ್ನ ಕೊಟ್ಟಿಗೆಯ ಕ್ಷೇಮವನ್ನೇ. ಅವನು ಬವೇರಿಯದವನಾದರೇನು, ಹೊಳಲಿನವನಾದರೇನು!

ಲಿಯೊನಾರ್ಡ್ ಎಂಬ ಹೆಸರಿನ ಇತರ ಮಹನೀಯರ ವಿಷಯವನ್ನು ಸಂಕ್ಷೇಪವಾಗಿ ಹೇಳಬಹುದು. ನಾವೊಮ್ಮೆ ಪೀಠಸೇವೆಯ ಹುಡುಗರನ್ನು, ಲಿಯೊನಾರ್ಡೊ ಎಂದರೆ ಯಾರು ಗೊತ್ತೇ ಎಂದು ಕೇಳಿದೆವು. 'ಟೈಟಾನಿಕ್' ಚಿತ್ರದ ನಾಯಕ ಎಂದರು. ತಪ್ಪೇನೂ ಅಲ್ಲ. ಆದರೆ ಅವರ ಮನೆಗಳ ಗೋಡೆಯ ಮೇಲೆ ತೂಗುವ ಕಡೆಯ ಭೋಜನದ ಪಟದ ಮೂಲವು ಇನ್ನೊಬ್ಬ ಲಿಯೊನಾರ್ಡೊನ ಕೈಯದು. ಲಿಯೊನಾರ್ಡೊ ದ ವಿಂಚಿಯು (1452–1519) ಮಿಲಾನಿನ ಸಾಂತ ಮರಿಯ ಮಠದ ಊಟದ ಮನೆಯ ಗೋಡೆಯ ಮೇಲೆ 1490ರ ದಶಕದ ಕಡೆಯ ವರ್ಷಗಳಲ್ಲಿ ಅದನ್ನು ಬರೆದನು. ಒಣ ಗೋಡೆಯ ಮೇಲೆ ಬರೆದ ಬಣ್ಣವು ಅವನ ಶತಮಾನದಲ್ಲೇ ಉದುರಲಾರಂಭಿಸಿತು. ಮೂಲವು ಮಾಸಿದರೂ ಪ್ರತಿಗಳು ಮಾತ್ರ ಲೋಕವನ್ನೆಲ್ಲ ತುಂಬಿವೆ. ಮೇಜಿನ ಮೇಲೆ ಎಂದೂ ಊಟ ಮಾಡದ ನಮ್ಮ ಹಳ್ಳಿಯ ಮನೆಗಳಲ್ಲಿಯೂ ಆ ಉದ್ದನೆಯ ಮೇಜಿನ ಪಟವುಂಟು.

ಅವನಿಗೂ ಹಿಂದಿನ ಪೀಸಾ ನಗರದ ಲಿಯೊನಾರ್ಡೊನಿಗೆ ನಾವು ಭಾರತೀಯರು ವಿಶೇಷವಾಗಿ ಕೃತಜ್ಞರಾಗಿರಬೇಕು. ಇಲ್ಲ, ಅವನೇ ನಮಗೆ ಕೃತಜ್ಞನಾಗಿದ್ದನು ಎನ್ನಬೇಕು. ಫಿಬೊನಾಚಿ ಎಂಬ ಅಡ್ಡಹೆಸರಿನಿಂದ ಲೋಕವು ಬಲ್ಲ ಈತನು ಬಾಲ್ಯದಲ್ಲಿ ತಂದೆಯ ಜೊತೆ ಉತ್ತರ ಆಫ್ರಿಕದ ಬೂಜಿಯ ಬಂದರಿನಲ್ಲಿದ್ದಾಗ ಅಂಕಗಳನ್ನು ಬರೆಯುವ ಹೊಸ ವಿದ್ಯೆಯನ್ನು ಕಲಿತನು. 1202ರಲ್ಲಿ ತಾನು ಬರೆದ ಗಣಿತಗ್ರಂಥದ ಮೊದಲಲ್ಲೇ ಆ ಒಂಬತ್ತು ಅಂಕಗಳು ಭಾರತೀಯರವು ಎಂದು ಸ್ಪಷ್ಟವಾಗಿ ಹೇಳಿದನು. ಸೊನ್ನೆಯನ್ನು ಸೇರಿಸಿ ಅವುಗಳಿಂದ ಯಾವ ಸಂಖ್ಯೆಯನ್ನಾದರೂ ಬರೆಯಬಹುದೆಂದು ಯುರೋಪಿನ ವರ್ತಕರಿಗೆ ತೋರಿಸಿಕೊಟ್ಟನು. ಅದೇ ಸಾಲಿಗೆ ಸೇರುವ ಬಾಸೆಲ್ ನಗರದ ಲಿಯೊನ್‌ಹಾರ್ಟ್ ಆಯ್ಲರನು (1707–1783) ಪಾದ್ರಿಯೊಬ್ಬರ ಮಗ. ಮುಪ್ಪಿನಲ್ಲಿ ಪೂರ್ಣ ಕುರುಡನಾದ ಮೇಲೂ ಬಾಯಿಂದ ಹೇಳಿ ಬರೆಸುತ್ತ ಗಣಿತವನ್ನು ಬೆಳೆಸಿದವನು.

ಪೋರ್ಟ್ ಮೊರಿಸಿನ ಸಂತ ಲಿಯೊನಾರ್ಡರನ್ನು (1676–1751) ನಮ್ಮ ಜನ ಹೆಸರಿನಿಂದ ಅರಿಯರು, ಕೆಲಸದಿಂದ ಅರಿವರು. ಫ್ರಾನ್ಸಿಸ್ಕನ್ ಸಭೆಯ ಈ ಪ್ರಸಂಗಿಗಳು ಇಟಲಿಯ ಊರೂರು ಅಲೆದು 570ಕ್ಕೂ ಹೆಚ್ಚು ಕಡೆ ಶಿಲುಬೆಯ ಹಾದಿಯನ್ನು ಸ್ಥಾಪಿಸಿದರು. 1750ರ ಕಡೆಯಲ್ಲಿ ರೋಮಿನ ಕೊಲೊಸಿಯಮ್ಮಿನಲ್ಲೂ ಸ್ಥಾಪಿಸಿದರು. ನಮ್ಮ ದೇವಾಲಯಗಳ ಎರಡು ಪಕ್ಕದ ಗೋಡೆಗಳ ಮೇಲೆ ಏಳು ಏಳಾಗಿ ತೂಗುವ ಹದಿನಾಲ್ಕು ಪಟಗಳ ಮುಂದೆ ತಪಸ್ಸುಕಾಲದ ಶುಕ್ರವಾರಗಳಂದು ಮೊಣಕಾಲೂರುವವರೆಲ್ಲ ಈ ಲಿಯೊನಾರ್ಡರಿಗೆ ಋಣಿಗಳು. ಅವರ ಜ್ಞಾನಸ್ನಾನದ ಹೆಸರು ಪಾವ್ಲೊ ಜಿರೊಲಾಮೊ. ಲಿಯೊನಾರ್ಡ್ ಎಂಬುದು ಸಭೆಗೆ ಸೇರಿದಾಗ ಪಡೆದುದು. ಅಂದರೆ ಒಬ್ಬ ಮನುಷ್ಯನಿಗೆ ಎರಡು ಹೆಸರಿರುವುದು ಸಂತಪದವಿಗೆ ಅಡ್ಡಿಯಾಗಲಿಲ್ಲ. 1867ರಲ್ಲಿ ಅವರನ್ನು ಸಂತರೆಂದು ಘೋಷಿಸಲಾಯಿತು.

ಕಥೆ ನಾಟಕಗಳಲ್ಲಿ ಈ ಹೆಸರಿನವರ ಪಾಡು ವಿಚಿತ್ರವಾದುದು. ಅಲ್ಲಿ ಸಿಂಹಧೀರರು ಬಹುಪಾಲು ಸೋಲುವವರೇ. ಷೇಕ್ಸ್‌ಪಿಯರನು 'ವೆನಿಸಿನ ವರ್ತಕ' ನಾಟಕದಲ್ಲಿ ಈ ಹೆಸರನ್ನು ಕೊಟ್ಟದ್ದು ಬಸ್ಸಾನಿಯೊನ ಆಳಿಗೆ. ಇ. ಎಂ. ಫಾರ್ಸ್ಟರರ 'ಹೊವರ್ಡ್ಸ್ ಎಂಡ್' (1910) ಕಾದಂಬರಿಯ ಲಿಯೊನಾರ್ಡ್ ಬಾಸ್ಟನು ಲಂಡನ್ನಿನ ಬಡ ಗುಮಾಸ್ತ. ಓದಿನಿಂದ ಮೇಲೇರಬೇಕೆಂಬ ಆಸೆಯುಳ್ಳವನು. ಕಡೆಗೆ ಪುಸ್ತಕಗಳ ಬೀರುವೇ ಮೈಮೇಲೆ ಬಿದ್ದು ಸಾಯುತ್ತಾನೆ. ಸ್ಪೇನಿನ ಲೋರ್ಕ ಕವಿಯ 'ರಕ್ತ ವಿವಾಹ' (1933) ನಾಟಕದಲ್ಲಿ ತಾಯಿ, ವಧು, ವರ, ಅತ್ತೆ ಎಂದು ಎಲ್ಲರೂ ಸಂಬಂಧದಿಂದಲೇ ಕರೆಯಲ್ಪಡುತ್ತಾರೆ. ಹೆಸರುಳ್ಳ ಪಾತ್ರ ಒಂದೇ, ಅದು ಲಿಯೊನಾರ್ಡೊ. ಮದುವೆಯ ದಿನ ವಧುವನ್ನು ಕುದುರೆಯ ಮೇಲೆ ಹಾರಿಸಿಕೊಂಡು ಹೋಗಿ ಪ್ರಾಣವನ್ನು ಕಳೆದುಕೊಳ್ಳುವವನು ಅವನೇ. ಕಾನನ್ ಡಾಯ್ಲರ ಪತ್ತೇದಾರಿ ಕಥೆಯೊಂದರಲ್ಲಂತೂ ಹೆಸರಿನ ಅರ್ಥವು ಪೂರ್ತಿ ತಲೆಕೆಳಗಾಗಿದೆ. ಆ ಕಥೆಯ ಲಿಯೊನಾರ್ಡೊ ಸರ್ಕಸ್ಸಿನ ಬಲಭೀಮ. ಸಿಂಹದ ಉಗುರಿನಂತೆ ಮೊಳೆ ಹೊಡೆದ ಗದೆಯಿಂದ ಸರ್ಕಸ್ಸಿನ ಯಜಮಾನನನ್ನು ಕೊಲ್ಲುತ್ತಾನೆ. ನಿಜವಾದ ಸಿಂಹವು ಬೋನಿನಿಂದ ಹೊರಬಂದು ತನ್ನ ಪ್ರೇಯಸಿಯ ಮುಖವನ್ನು ಹರಿಯುವಾಗ ಕಿರುಚುತ್ತ ಓಡಿಹೋಗುತ್ತಾನೆ. ಹೆಸರಿನಿಂದ ಗುಣ ಬಾರದೆಂಬುದನ್ನು ಕಥೆಗಾರರು ಪಾದ್ರಿಗಳಿಗಿಂತ ಚೆನ್ನಾಗಿ ಬಲ್ಲರು.

ಪರದೇಶದ ಹೆಸರುಗಳ ಮಾತು ಇಷ್ಟು ಸಾಕು. ಕನ್ನಡದ ಅಂಗಳಕ್ಕೆ ಬರೋಣ. ಹೊಳಲು ಎಂಬ ಊರಿನ ಹೆಸರು ಹಳಗನ್ನಡದ ಪೊೞಲ್ ಎಂಬ ಪದದ ಇಂದಿನ ರೂಪ. ಪಟ್ಟಣವೆಂದು ಅದರ ಅರ್ಥ. ಇಂಥ ಪದಗಳ ಜಾಡನ್ನು ಹಿಡಿಯಲು ಇಂದಿಗೂ ನಾವು ತೆರೆಯುವುದು 1894ರಲ್ಲಿ ಮಂಗಳೂರಿನಲ್ಲಿ ಅಚ್ಚಾದ ಕಿಟ್ಟೆಲರ ನಿಘಂಟನ್ನು. ಅವರ ಹೆಸರಾದ ಫರ್ಡಿನಾಂಡ್ ಎಂಬುದೂ ಜರ್ಮಾನಿಕ್ ಸಮಾಸವೇ, ಪಯಣಕ್ಕೆ ಅಂಜದವನು ಎಂಬುದು ಅದರ ಅರ್ಥವೆನ್ನುತ್ತಾರೆ. ಕಿಟ್ಟೆಲರು ಬಾಸೆಲ್ ಮಿಷನ್ನಿನವರು, ನಮ್ಮ ಸಭೆಯವರಲ್ಲ. ಆದರೆ ಅವರಿಗೂ ಎರಡು ಶತಮಾನಗಳಿಗೂ ಹಿಂದೆ ಕನ್ನಡದ ಪದಗಳನ್ನು ಕಲೆಹಾಕಲು ಕುಳಿತ ಇನ್ನೊಬ್ಬ ಪರದೇಶಿ ನಮ್ಮವರು. ಅವರು ಕುಳಿತದ್ದು ಇದೇ ಮಂಡ್ಯ ಜಿಲ್ಲೆಯ ಶ್ರೀರಂಗಪಟ್ಟಣದಲ್ಲಿ. ಹಿಂದೆ ಗಾಡಿ ಕಟ್ಟಿಕೊಂಡು ಹೊರಟರೆ ಇಲ್ಲಿಂದ ಒಂದು ಹಗಲಿನ ದಾರಿ. ಅವರ ಹೆಸರು ಲಿಯೊನಾರ್ಡೊ ಚಿನ್ನಾಮಿ.

ಸ್ವಾಮಿ ಚಿನ್ನಾಮಿಯವರು ಇಟಲಿ ದೇಶದವರು, ಯೇಸುಸಭೆಯ ಗುರುಗಳು. ಗೋವೆಗೆ ಬಂದು, ಅಲ್ಲಿಂದ ಘಟ್ಟ ಹತ್ತಿ, 1648–49ರ ಸುಮಾರಿಗೆ ಶ್ರೀರಂಗಪಟ್ಟಣದಲ್ಲಿ ಮೈಸೂರು ಮಿಷನ್ನನ್ನು ಆರಂಭಿಸಿದರು. ಮಧುರೆಯಲ್ಲಿ ಸ್ವಾಮಿ ರಾಬರ್ಟ್ ದೆ ನೊಬಿಲಿಯವರು ತೋರಿದ ದಾರಿಯನ್ನೇ ಹಿಡಿದು ಸನ್ಯಾಸಿಯ ಉಡುಪನ್ನೂ ಆಹಾರ ನಿಯಮವನ್ನೂ ಸ್ವೀಕರಿಸಿದರು. ಪರಂಗಿಯವರ ಧರ್ಮವೆಂಬ ಅಪವಾದವು ತಾವು ತಂದ ಸಂದೇಶಕ್ಕೆ ಅಂಟಬಾರದೆಂಬುದು ಅವರ ಉದ್ದೇಶವಾಗಿತ್ತು. ಇಂದು ಮೈಸೂರು ಧರ್ಮಪ್ರಾಂತ್ಯದ ಕ್ರೈಸ್ತರು ತಮ್ಮ ಆದಿಯನ್ನು ಹುಡುಕುತ್ತ ಹೋದರೆ ಬಂದು ನಿಲ್ಲುವುದು ಬಹುಮಟ್ಟಿಗೆ ಈ ಲಿಯೊನಾರ್ಡರ ಬಳಿಯಲ್ಲಿಯೇ.

ಅವರು ಬಂದಾಗ ಶ್ರೀರಂಗಪಟ್ಟಣದ ಸಿಂಹಾಸನದ ಮೇಲೆ ಇದ್ದವನು ಯಾರು? 1638ರಿಂದ 1659ರವರೆಗೆ ಆಳಿದ ಕಂಠೀರವ ನರಸರಾಜ ಒಡೆಯನು. ಬಿಜಾಪುರದ ರಣದುಲ್ಲಾಖಾನನ ಸೈನ್ಯವನ್ನು ಕೋಟೆಯ ಬಾಗಿಲಿನಿಂದ ಹಿಮ್ಮೆಟ್ಟಿಸಿದವನು. ತಿರುಚಿನಾಪಳ್ಳಿಗೆ ವೇಷ ಮರೆಸಿಕೊಂಡು ಹೋಗಿ ಅಲ್ಲಿನ ಜಟ್ಟಿಯನ್ನು ಸೋಲಿಸಿ ಬಂದನೆಂದು ಜನರು ಹಾಡಿ ಹೊಗಳಿದವನು. ಶ್ರೀರಂಗಪಟ್ಟಣದ ನರಸಿಂಹಸ್ವಾಮಿ ದೇವಸ್ಥಾನವನ್ನು ಕಟ್ಟಿಸಿದವನು ಅವನೇ. ಅಲ್ಲಿ ಅವನ ವಿಗ್ರಹವನ್ನು ಇಂದಿಗೂ ನೋಡಬಹುದು. ಅವನು ಟಂಕಿಸಿದ ಕಂಠೀರಾಯ ಹಣವೆಂಬ ಪುಟ್ಟ ಚಿನ್ನದ ನಾಣ್ಯದ ಮೇಲಿರುವುದೂ ನರಸಿಂಹನೇ. 19ನೆಯ ಶತಮಾನದ ಆರಂಭದಲ್ಲಿಯೂ ಮೈಸೂರು ಸಂಸ್ಥಾನದ ಲೆಕ್ಕಪತ್ರಗಳು ಕಂಠೀರಾಯ ವರಹದಲ್ಲಿಯೇ ನಡೆಯುತ್ತಿದ್ದವು. ಗೋವಿಂದ ವೈದ್ಯನು 'ಕಂಠೀರವ ನರಸರಾಜ ವಿಜಯ'ವೆಂಬ ಸಾಂಗತ್ಯ ಕಾವ್ಯವನ್ನು ಮುಗಿಸಿದ್ದು 1648ರಲ್ಲಿ. ಸ್ವಾಮಿ ಚಿನ್ನಾಮಿಯವರು ಬಂದ ಕಾಲವೇ ಅದು.

ಕಂಠೀರವವೆಂಬ ಸಂಸ್ಕೃತ ಪದಕ್ಕೆ ಕಂಠದಿಂದ ಘರ್ಜಿಸುವುದು, ಎಂದರೆ ಸಿಂಹ ಎಂದು ಅರ್ಥ. ಜನರು ಆ ಅರಸನ ಹೆಸರಿನ ಮುಂದೆ ಸೇರಿಸಿದ ರಣಧೀರವೆಂಬ ಬಿರುದನ್ನೂ ಕೂಡಿಸಿಕೊಂಡು ನೋಡಿರಿ. ಒಂದು ಸಿಂಹ, ಒಂದು ಧೀರ. ಲಿಯೊನಾರ್ಡ್ ಎಂಬ ಜರ್ಮಾನಿಕ್ ಸಮಾಸವನ್ನು ಬಿಡಿಸಿ ಕನ್ನಡಕ್ಕೆ ತರಬೇಕಾದರೆ ಧೀರ ಕಂಠೀರವ ಎಂಬುದಕ್ಕಿಂತ ಹತ್ತಿರದ ಮಾತು ಸಿಗದು. ಲಿಯೊನಾರ್ಡರು ಕಾಲಿಟ್ಟದ್ದು ಲಿಯೊನಾರ್ಡನ ರಾಜಧಾನಿಗೆ! ಈ ವಿಷಯವು ನಮಗೆ ಹೊಳೆದದ್ದು ಪುಸ್ತಕದಲ್ಲಿ ಆ ಹೆಸರನ್ನು ಬರೆದ ಎಷ್ಟೋ ವರ್ಷಗಳ ಮೇಲೆ, ಒಂದು ದಿನ ನಿಘಂಟನ್ನು ತಿರುವಿಹಾಕುತ್ತಿದ್ದಾಗ. ಆ ರೈತನು ಕೇಳಿದ್ದ ಹೆಸರೂ ನಾವು ಕೊಟ್ಟ ಹೆಸರೂ ಒಂದೇ ಆಗಿತ್ತು. ಅವನದನ್ನು ಹೊಡೆದುಹಾಕಿ ಅವನದನ್ನೇ ಪರಭಾಷೆಯಲ್ಲಿ ಬರೆದಿದ್ದೆವು.

ಸ್ವಾಮಿ ಚಿನ್ನಾಮಿಯವರಾದರೋ ಇಂಥ ಕೆಲಸವನ್ನು ಮಾಡಿದವರಲ್ಲ. ಅವರು ಮೊದಲು ಮಾಡಿದ್ದು ಕನ್ನಡವನ್ನು ಕಲಿತದ್ದು. ಕನ್ನಡದ ಒಂದು ವ್ಯಾಕರಣವನ್ನೂ ಒಂದು ಪದಕೋಶವನ್ನೂ ರಚಿಸಿದರು. ಧರ್ಮೋಪದೇಶವನ್ನು ಕನ್ನಡದಲ್ಲಿಯೇ ಬರೆದರು. ಭಟ್ಟಾಕಳಂಕನು 'ಕರ್ಣಾಟಕ ಶಬ್ದಾನುಶಾಸನ'ವನ್ನು ಮುಗಿಸಿದ್ದು 1604ರಲ್ಲಿ. ವಿಲಿಯಂ ಕೇರಿಯವರ ಕನ್ನಡ ವ್ಯಾಕರಣವು ಶ್ರೀರಾಮಪುರದಲ್ಲಿ ಅಚ್ಚಾದದ್ದು 1817ರಲ್ಲಿ. ಈ ಎರಡರ ನಡುವೆ, ಮೊದಲನೆಯದಕ್ಕೆ ಬಹು ಸಮೀಪದಲ್ಲಿ, ಶ್ರೀರಂಗಪಟ್ಟಣದ ಯಾವುದೋ ಒಂದು ಮನೆಯ ಜಗಲಿಯಲ್ಲಿ ಕುಳಿತು ಈ ಇಟಲಿಯ ಸನ್ಯಾಸಿ ವಿಭಕ್ತಿ ಪ್ರತ್ಯಯಗಳನ್ನು ಲೆಕ್ಕ ಹಾಕುತ್ತಿದ್ದ ಚಿತ್ರವನ್ನು ನಾವು ಎಷ್ಟೋ ಸಲ ಮನಸ್ಸಿನಲ್ಲಿ ಬರೆದುಕೊಂಡಿದ್ದೇವೆ. ಆ ಹಸ್ತಪ್ರತಿಗಳು ಉಳಿದುಬಂದಿಲ್ಲ. ಕನ್ನಡ ಸಾಹಿತ್ಯದ ಚರಿತ್ರೆಗಳಲ್ಲಿ ಅವರಿಗೆ ಒಂದು ಸಾಲಿನ ಸ್ಥಾನವೂ ಅಪರೂಪ. ಕಿಟ್ಟೆಲರಿಗೆ ಬೆಂಗಳೂರಿನಲ್ಲಿ ಪ್ರತಿಮೆಯಿದೆ, ಅದು ಯೋಗ್ಯವೇ. ಚಿನ್ನಾಮಿಯವರ ಹೆಸರಿನಲ್ಲಿ ಶ್ರೀರಂಗಪಟ್ಟಣದಲ್ಲಿ ಒಂದು ಕಲ್ಲನ್ನಾದರೂ ನಿಲ್ಲಿಸಬೇಕೆಂಬುದು ನಮ್ಮ ಬಹುಕಾಲದ ಆಸೆ.

ಆ ಕಾಲದ ಗುರುಗಳು ಹೆಸರುಗಳ ವಿಷಯದಲ್ಲಿ ನಡೆದುಕೊಂಡ ರೀತಿಯೂ ಗಮನಾರ್ಹವಾದುದು. ಅವರು ಅರ್ಥವನ್ನು ನೋಡುತ್ತಿದ್ದರು, ಶಬ್ದವನ್ನಲ್ಲ. ಪಾವ್ಲುಸ್ ಎಂದರೆ ಲತೀನಿನಲ್ಲಿ ಚಿಕ್ಕವನು. ಆದ್ದರಿಂದ ಸಂತ ಪೌಲರು ತಮಿಳಿನಲ್ಲಿ ಚಿನ್ನಪ್ಪರಾದರು, ಆ ಹೆಸರೇ ನಮ್ಮ ಕಡೆಗೂ ಬಂದು ನೆಲೆನಿಂತಿತು. ಯೊವಾನ್ನೆಂದರೆ ದೇವರ ಕೃಪೆ. ಸಂತ ಜಾನ್ ದೆ ಬ್ರಿಟ್ಟೋ ತಾವೇ ಅರುಳಾನಂದರೆಂದು ಹೆಸರಿಟ್ಟುಕೊಂಡರು. ಕಾನ್‌ಸ್ಟಂಟ್ ಎಂದರೆ ಸ್ಥಿರಚಿತ್ತನು, ಬೆಸ್ಕಿಯವರು ಧೈರ್ಯನಾಥರಾದರು. ಅಲೋಶಿಯಸ್ ಎಂಬ ಹೆಸರೂ ಜರ್ಮಾನಿಕ್ ಮೂಲದ್ದೇ, ಲೂಯಿಸ್ ಎಂಬುದರ ಇನ್ನೊಂದು ರೂಪ. ಆ ಸಂತರನ್ನು ಜ್ಞಾನಪ್ರಕಾಶರೆಂದು ಕರೆದರು. ನಮ್ಮ ಮುತ್ತಜ್ಜಂದಿರ ಹೆಸರುಗಳನ್ನು ಹಳ್ಳಿಗಾಡಿನವೆಂದು ನಾಚಿಕೊಂಡು ಬದಿಗಿಟ್ಟ ನಮ್ಮ ಪೀಳಿಗೆಯು ಕಳೆದುಕೊಂಡದ್ದು ಈ ವಿದ್ಯೆಯನ್ನು. ದ್ವಿತೀಯ ವ್ಯಾಟಿಕನ್ ಮಹಾಸಭೆಯ (1962–65) ನಂತರ ಬಲಿಪೂಜೆಯು ಕನ್ನಡಕ್ಕೆ ಬಂದಿತು, ಹಾಡುಗಳು ಕನ್ನಡಕ್ಕೆ ಬಂದವು. ಆದರೂ ಹೆಸರು ಬರೆಯುವ ಲೇಖನಿಯು ನಮ್ಮಂಥವರ ಕೈಯಲ್ಲಿ ಹಿಂದೆಯೇ ಉಳಿಯಿತು.

ಶ್ರೀರಂಗಪಟ್ಟಣವನ್ನೂ ಸಂತ ಲಿಯೊನಾರ್ಡರನ್ನೂ ಒಟ್ಟಿಗೆ ನೆನೆಯುವಾಗ ಇನ್ನೊಂದು ವಿಷಯವನ್ನು ಹೇಳದೆ ಮುಂದೆ ಹೋಗುವಂತಿಲ್ಲ. ಸೆರೆಯಾಳುಗಳ ಸಂತರ ಹೆಸರನ್ನು ಹೊತ್ತವರು ಬಂದು ನೆಲೆಸಿದ ಆ ದ್ವೀಪವೇ ಒಂದೂಕಾಲು ಶತಮಾನದ ಮೇಲೆ ಕ್ರೈಸ್ತರಿಗೆ ಸೆರೆಮನೆಯಾಯಿತು. 1784ರಲ್ಲಿ ಟಿಪ್ಪುಸುಲ್ತಾನನು ಕೆನರಾ ಕರಾವಳಿಯ ಕ್ರೈಸ್ತರನ್ನು ಹಿಡಿದು ಘಟ್ಟದ ಮೇಲೆ ನಡೆಸಿ ಶ್ರೀರಂಗಪಟ್ಟಣಕ್ಕೆ ತರಿಸಿದನು. ಅವರ ಸ್ವತ್ತು ಮುಟ್ಟುಗೋಲಾಯಿತು, ದೇವಾಲಯಗಳು ನೆಲಸಮವಾದವು. ಸಂಖ್ಯೆಯನ್ನು ಕೆಲವರು 30,000 ಎನ್ನುತ್ತಾರೆ, ಕೆಲವರು 80,000ದವರೆಗೆ ಏರಿಸುತ್ತಾರೆ. ದಾರಿಯಲ್ಲಿಯೂ ಸೆರೆಯಲ್ಲಿಯೂ ಸತ್ತವರು ಬಹಳ. ಅವರು ಇಂಗ್ಲಿಷರಿಗೆ ನೆರವಾದರೆಂಬುದು ಸುಲ್ತಾನನ ಆರೋಪವಾಗಿತ್ತು. ಅದೇ ಸುಲ್ತಾನನು ಶೃಂಗೇರಿ ಮಠಕ್ಕೆ ನೆರವು ಕಳುಹಿಸಿದ್ದೂ ದಾಖಲೆಯಲ್ಲಿದೆ. ಇಂದು ಈ ಕುರಿತು ವಾದ ಮಾಡುವವರು ತಮಗೆ ಬೇಕಾದ ಅರ್ಧವನ್ನು ಮಾತ್ರ ಓದುತ್ತಾರೆ. ನಾವು ಆ ಜಗಳಕ್ಕೆ ಇಳಿಯುವವರಲ್ಲ. 1799ರ ಮೇ 4ರಂದು ಕೋಟೆ ಬಿದ್ದ ಮೇಲೆ ಬದುಕುಳಿದವರು ಬಿಡುಗಡೆಯಾದರು. ಚದುರಿಹೋಗಿದ್ದ, ಹೆಸರನ್ನೇ ಬದಲಿಸಿಕೊಳ್ಳಬೇಕಾಗಿ ಬಂದಿದ್ದ ಜನರನ್ನು ಮತ್ತೆ ಒಟ್ಟುಗೂಡಿಸಲು ಫ್ರೆಂಚ್ ಗುರುಗಳಾದ ಅಬ್ಬೆ ದ್ಯುಬುವಾ ಶ್ರೀರಂಗಪಟ್ಟಣಕ್ಕೆ ಬಂದರು. ಜನರು ಅವರನ್ನು ದೊಡ್ಡ ಸ್ವಾಮಿಯವರೆಂದು ಕರೆದರು. 1823ರಲ್ಲಿ ಅವರು ಭಾರತವನ್ನು ಬಿಡುವವರೆಗೂ ಈ ಸೀಮೆಯವರು ಅವರನ್ನು ಬೇರೆ ಹೆಸರಿನಿಂದ ಕರೆದದ್ದೇ ಅಪರೂಪ.

ಬಲವಂತದಿಂದ ಹೆಸರು ಬದಲಾಯಿಸುವುದೆಂದರೆ ಏನೆಂಬುದನ್ನು ಆ ಸೆರೆಯಾಳುಗಳ ಕಥೆಯನ್ನು ಓದುವಾಗಲೇ ನಮ್ಮ ಆ ಹಳೆಯ ನವೆಂಬರ್ ತಿಂಗಳು ನೆನಪಿಗೆ ಬಂದಿತು. ಎರಡನ್ನೂ ಹೋಲಿಸುವುದು ಅತಿಯಾದೀತು. ನಮ್ಮ ಕೈಯಲ್ಲಿ ಇದ್ದದ್ದು ಲೇಖನಿ ಮಾತ್ರ. ಆದರೂ ನೆನಪಾಯಿತು.

ಕಳೆದ ವರ್ಷ ಆ ಲಿಯೊನಾರ್ಡನು ನಮ್ಮನ್ನು ಹುಡುಕಿಕೊಂಡು ಬಂದನು. ಈಗ ಅವನು ಮೂವತ್ತೈದರ ಸುಮಾರಿನ ಗಟ್ಟಿ ಆಳು, ಕಬ್ಬು ಭತ್ತ ಬೆಳೆಯುವವನು. ತಂದೆ ತೀರಿಕೊಂಡಿದ್ದಾನೆ. ಮನೆಯಲ್ಲಿಯೂ ಊರಿನಲ್ಲಿಯೂ ಅವನನ್ನು ಕರೆಯುವುದು ಕಂಠಿ ಎಂದೇ. ಲಿಯೊನಾರ್ಡ್ ಎಂಬುದು ಶಾಲೆಯ ದಾಖಲೆಯಲ್ಲಿ, ಪಡಿತರ ಚೀಟಿಯಲ್ಲಿ ಮಾತ್ರ. ಅದನ್ನು ಗುಮಾಸ್ತರು ಒಂದೊಂದು ಕಡೆ ಒಂದೊಂದು ಬಗೆಯಾಗಿ ಬರೆದು, ಪಹಣಿಯ ಕೆಲಸಕ್ಕೆ ಅವನು ಎರಡು ವರ್ಷ ಅಲೆಯಬೇಕಾಯಿತೆಂದು ನಕ್ಕುಕೊಂಡೇ ಹೇಳಿದನು. ಹೆಸರಿನ ಅರ್ಥವೇನು ಸ್ವಾಮಿ ಎಂದು ಕೇಳಿದನು. ಮೇಲೆ ಬರೆದಿರುವುದನ್ನೆಲ್ಲ ಅವನಿಗೆ ಹೇಳಿದೆವು. ಸಂತ ಲಿಯೊನಾರ್ಡರ ಸರಪಳಿ, ಕತ್ತೆ, ಬವೇರಿಯದ ಕುದುರೆಗಳು, ಚಿನ್ನಾಮಿ, ಕಂಠೀರವ ನರಸರಾಜ. ಅವನು ಬಹಳ ಹೊತ್ತು ಸುಮ್ಮನಿದ್ದು, ಹಾಗಾದರೆ ನಮ್ಮಪ್ಪ ಗೆದ್ದ ಎಂದನು. ನಾವು ಕ್ಷಮೆ ಕೇಳಿದೆವು. ಹೆಸರನ್ನು ಸರಿಪಡಿಸಬೇಕೆಂದಿದ್ದರೆ ಧರ್ಮಾಧ್ಯಕ್ಷರ ಅನುಮತಿ ಪಡೆದು ಅಂಚಿನಲ್ಲಿ ಟಿಪ್ಪಣಿ ಬರೆಸಬಹುದೆಂದೂ ಹೇಳಿದೆವು. ಬೇಡವೆಂದನು. ಎರಡೂ ಇರಲಿ, ಎತ್ತಿಗೂ ಎರಡು ಹಗ್ಗ ಇರುತ್ತದಲ್ಲ ಎಂದನು.

ಅವನು ಬಂದ ಉದ್ದೇಶ ಬೇರೆಯಾಗಿತ್ತು. ಮಡದಿಗೆ ಗಂಡುಮಗು ಹುಟ್ಟಿತ್ತು, ನಮ್ಮ ಕೈಯಿಂದಲೇ ಜ್ಞಾನಸ್ನಾನವಾಗಬೇಕೆಂಬುದು ಅವನ ಆಸೆ. ಮುಂದಿನ ಭಾನುವಾರ ತಾಯಿಯೂ ಮಗುವೂ ಬಂದರು, ಅಜ್ಜಿಯೂ ಬಂದಿದ್ದಳು. ಪಂಚಾಂಗವನ್ನು ನಾವು ಆ ದಿನ ಮುಟ್ಟಲಿಲ್ಲ. ಮಗುವಿಗೆ ಯಾವ ಹೆಸರೆಂದು ಕೇಳಿದೆವು. ಅವನು ಹೇಳಿದನು. ಒತ್ತಕ್ಷರ ಎಲ್ಲಿ, ದೀರ್ಘ ಎಲ್ಲಿ ಎಂದು ಎರಡು ಸಲ ಕೇಳಿಕೊಂಡು, ಅವನು ಹೇಳಿದಂತೆಯೇ ಬರೆದು, ಪುಸ್ತಕವನ್ನು ಅವನ ಕಡೆ ತಿರುಗಿಸಿ, ಸರಿಯಾಗಿದೆಯೇ ಓದಿ ನೋಡಪ್ಪ ಎಂದೆವು.